ನನ್ನ ಬೀಗದಕೈ ಗೊಂಚಲು

'ಕೊಲ್ಯಾ' ಚಿತ್ರ ಇಷ್ಟವಾಗಲಿಲ್ಲ ಎಂದವರನ್ನು ನಾನಿನ್ನೂ ಕಂಡಿಲ್ಲ. 1996ರ ಝೆಕ್ ಚಿತ್ರ, ನಿರ್ದೇಶಕ ಯಾನ್ ಸ್ವೆರಾಕ್. ಚಿತ್ರಕಥೆ ಬರೆದು ನಾಯಕನ ಪಾತ್ರವನ್ನೂ ಮಾಡಿದವರು ಅವರ ತಂದೆ ಝ್ದೆನೆಕ್ ಸ್ವೆರಾಕ್. ಮರುವರ್ಷ ಪರಭಾಷಾ ಚಿತ್ರದ ಆಸ್ಕರ್ ಇದಕ್ಕೇ ಬಂತು. ಮೊದಲ ಸಲ ನೋಡಿದಾಗ ಎಲ್ಲರಂತೆ ಕಣ್ಣೊರೆಸಿಕೊಂಡು ಹೊರಗೆ ಬಂದೆ. ಎಲ್ಲರಂತೆ ಬೈಟು ಕಾಫಿ ಕುಡಿಯುತ್ತಾ "ಎಂಥ ಮಾನವೀಯ ಚಿತ್ರ ಸಾರ್" ಎಂದೆ. ನಮ್ಮ ಫಿಲ್ಮ್ ಸೊಸೈಟಿ ಬಳಗದಲ್ಲಿ ಏನನ್ನೂ ಹೇಳದೆ ಮೆಚ್ಚಬೇಕಾದಾಗ ಹಾಗೆ ಹೇಳುವುದು ವಾಡಿಕೆ.

ಈಚೆಗೆ ಹನುಮಂತನಗರದ ಮನೆಯಲ್ಲಿ ಮೊಮ್ಮಗಳ ಲ್ಯಾಪ್‌ಟಾಪಿನಲ್ಲಿ ಅದನ್ನೇ ಮತ್ತೆ ನೋಡಿದೆ. ಈ ಸಲ ಅಳು ಬರಲಿಲ್ಲ, ಮುಜುಗರವಾಯಿತು. ಯಾಕೆ ಎಂದು ಹುಡುಕಿಕೊಂಡು ಪ್ರಾಗ್‌ನಿಂದ ಹೊರಟವನು ಹೊಳೆನರಸೀಪುರದ ಕಡೆಯ ಒಂದು ಗದ್ದೆಯ ಬದುವಿನ ಮೇಲೆ ಬಂದು ನಿಂತೆ.

ಚಿತ್ರ ನೋಡದವರಿಗಾಗಿ ಕಥೆಯನ್ನು ಸ್ವಲ್ಪ ಹೇಳುತ್ತೇನೆ. 1988ರ ಪ್ರಾಗ್. ಲೌಕಾ ಐವತ್ತೈದರ ಬ್ರಹ್ಮಚಾರಿ. ಮದುವೆಯಾಗಿಲ್ಲ ಎನ್ನುವಷ್ಟರ ಮಟ್ಟಿಗೆ ಮಾತ್ರ ಬ್ರಹ್ಮಚಾರಿ. ಚೆಲ್ಲೋ ವಾದಕ. ಒಂದು ಕಾಲಕ್ಕೆ ಝೆಕ್ ಫಿಲ್ಹಾರ್ಮೊನಿಕ್ ವಾದ್ಯವೃಂದದಲ್ಲಿ ಕೂರುತ್ತಿದ್ದವನು. ನಂಬಿಕೆಗೆ ಅರ್ಹನಲ್ಲ ಎಂಬ ಹಣೆಪಟ್ಟಿ ಬಿದ್ದು ಅಲ್ಲಿಂದ ಹೊರಬಿದ್ದಿದ್ದಾನೆ. ಹಾಗಂತ ಅವನೇನೂ ಕ್ರಾಂತಿಕಾರಿಯಲ್ಲ, ಯಾವ ಮನವಿಗೂ ಸಹಿ ಹಾಕಿದವನಲ್ಲ. ಈಗ ಹೊಟ್ಟೆಪಾಡಿಗೆ ಚಿತಾಗಾರದಲ್ಲಿ ಅಂತ್ಯಕ್ರಿಯೆಗಳಿಗೆ ನುಡಿಸುತ್ತಾನೆ, ಗೋರಿಕಲ್ಲುಗಳ ಮೇಲಿನ ಅಕ್ಷರಕ್ಕೆ ಬಣ್ಣ ತುಂಬುತ್ತಾನೆ. ನಮ್ಮಲ್ಲಿ ಯಾವ ವಿದ್ವಾಂಸರೂ ಹರಿಶ್ಚಂದ್ರ ಘಾಟ್‌ಗೆ ಹೋಗಿ ಕಚೇರಿ ಮಾಡುವುದಿಲ್ಲ, ಅಲ್ಲಿ ತಮಟೆಯವರದೇ ಕಾರುಬಾರು. ಹಾಗಾಗಿ ಲೌಕಾನಿಗೆ ಆದ ಅವಮಾನ ಎಷ್ಟು ದೊಡ್ಡದು ಎಂಬುದು ನಮಗೆ ಥಟ್ಟನೆ ಹೊಳೆಯುವುದಿಲ್ಲ.

ಸಾಲ ತೀರಿಸಲು, ಒಂದು ಹಳೆಯ ಟ್ರಬಾಂಟ್ ಕಾರು ಕೊಳ್ಳಲು ದುಡ್ಡು ಬೇಕು. ಅದಕ್ಕಾಗಿ ಝೆಕ್ ಕಾಗದಪತ್ರ ಬೇಕಾಗಿರುವ ಒಬ್ಬ ರಷ್ಯನ್ ಹೆಂಗಸನ್ನು ಬರೀ ಹೆಸರಿಗೆ ಮದುವೆಯಾಗುತ್ತಾನೆ. ಅವಳು ಆ ಕಾಗದ ಹಿಡಿದು ಪಶ್ಚಿಮ ಜರ್ಮನಿಗೆ ಹಾರುತ್ತಾಳೆ. ಅವಳ ಐದು ವರ್ಷದ ಮಗ ಕೊಲ್ಯಾ, ಅವನು ಬಬುಷ್ಕಾ ಎಂದು ಕರೆಯುವ ಮುದುಕಿಯ ಹತ್ತಿರ ಉಳಿಯುತ್ತಾನೆ. ಮುದುಕಿ ಕಾಯಿಲೆ ಬಿದ್ದ ಮೇಲೆ ಹುಡುಗ ಪೆಟ್ಟಿಗೆ ಸಮೇತ ಲೌಕಾನ ಬಾಗಿಲಿಗೆ ಬರುತ್ತಾನೆ. ಅವನಿಗೆ ಝೆಕ್ ಬಾರದು, ಇವನ ರಷ್ಯನ್ ಅರೆಬರೆ. 1968ರ ಆಗಸ್ಟಿನಲ್ಲಿ ರಷ್ಯದ ಟ್ಯಾಂಕುಗಳು ಬಂದದ್ದನ್ನು ಮರೆಯದ ಜನ ಅವರು. ಲೌಕಾನ ತಾಯಿಗೆ ರಷ್ಯದ ಮಗು ಎಂದರೂ ಮೈಯೆಲ್ಲಾ ಉರಿ.

ಒಂದು ದೃಶ್ಯವನ್ನು ಇಲ್ಲಿ ಹೇಳದೆ ಮುಂದೆ ಹೋಗಲಾರೆ. ಕೊಲ್ಯಾ ಸ್ನಾನದ ತೊಟ್ಟಿಯಲ್ಲಿ ಕೂತಿದ್ದಾನೆ. ಷವರಿನ ಹಿಡಿಯನ್ನು ಫೋನಿನಂತೆ ಕಿವಿಗಿಟ್ಟುಕೊಂಡು ಸತ್ತುಹೋದ ಬಬುಷ್ಕಾಳನ್ನು ಕರೆಯುತ್ತಾನೆ, ಮಾತಾಡುತ್ತಾ ಮಾತಾಡುತ್ತಾ ಅಳುತ್ತಾನೆ. ಲೌಕಾ ಬಾಗಿಲ ಹೊರಗೆ ನಿಂತು ಕೇಳಿಸಿಕೊಳ್ಳುತ್ತಾನೆ. ಅಲ್ಲಿಂದ ಮುಂದೆ ಅವನು ಹಿಂದಿನ ಮನುಷ್ಯನಲ್ಲ. ಗುಪ್ತ ಪೊಲೀಸರು ಕರೆಸಿ ಮದುವೆಯ ಬಗ್ಗೆ ವಿಚಾರಣೆ ಮಾಡುತ್ತಾರೆ. ಹುಡುಗನನ್ನು ರಷ್ಯಕ್ಕೆ ಕಳಿಸುವ ಮಾತು ಬರುತ್ತದೆ. ಯಾವುದಕ್ಕೂ ತಲೆ ಕೊಡದ ಲೌಕಾ ಹುಡುಗನನ್ನು ಕರೆದುಕೊಂಡು ಊರು ಬಿಡುತ್ತಾನೆ.

1989ರ ನವೆಂಬರ್ 17ರಂದು ಪ್ರಾಗ್‌ನ ವಿದ್ಯಾರ್ಥಿಗಳ ಮೆರವಣಿಗೆಯ ಮೇಲೆ ಪೊಲೀಸರು ಲಾಠಿ ಬೀಸಿದರು. ಆಮೇಲೆ ದಿನದಿನವೂ ಜನ ಚೌಕಗಳಲ್ಲಿ ಸೇರಿ ಜೇಬಿನಿಂದ ಬೀಗದಕೈ ಗೊಂಚಲು ತೆಗೆದು ಗಲಗಲ ಅಲ್ಲಾಡಿಸಿದರು. ಹೊತ್ತಾಯಿತು, ಮನೆಗೆ ಹೊರಡಿ ಎಂದು ಪಕ್ಷಕ್ಕೆ ಹೇಳುವ ರೀತಿ ಅದು. ಚಿತ್ರದಲ್ಲಿ ಲೌಕಾನೂ ಕೊಲ್ಯಾನೂ ಆ ಜನಜಂಗುಳಿಯಲ್ಲಿದ್ದಾರೆ. ಅಲ್ಲೇ ಹತ್ತಿರದಲ್ಲಿ ಇನ್ನೊಬ್ಬ ನಿಂತಿದ್ದಾನೆ, ಲೌಕಾನನ್ನು ಎದುರು ಕೂರಿಸಿಕೊಂಡು ಬೆವರಿಳಿಸಿದ್ದ ಗುಪ್ತ ಪೊಲೀಸಿನ ಅಧಿಕಾರಿ. ಅವನ ಕೈಯಲ್ಲೂ ಬೀಗದಕೈ.

ಮೊಮ್ಮಗಳು ಚಿತ್ರ ನಿಲ್ಲಿಸಿದಳು. "ತಾತ, ಇವನು ಆ ಪೊಲೀಸ್ ಅಲ್ವಾ? ಇವನ್ಯಾಕೆ ಇಲ್ಲಿದಾನೆ?"

"ಎಲ್ಲಾರೂ ಬಂದಿರ್ತಾರಮ್ಮ" ಎಂದೆ.

"ಎಮರ್ಜೆನ್ಸಿ ಟೈಮಲ್ಲಿ ನೀನೇನ್ ಮಾಡ್ತಿದ್ದೆ?"

ಈ ಪ್ರಶ್ನೆಗೆ ನನ್ನ ಹತ್ತಿರ ಸಿದ್ಧ ಉತ್ತರವಿದೆ. "77ರಲ್ಲಿ ನಾನು ಹಾಕಿದ ಮೊದಲ ಓಟೇ ಸರ್ವಾಧಿಕಾರದ ವಿರುದ್ಧ." ಮದುವೆ ಮನೆಗಳಲ್ಲಿ, ಬ್ಯಾಂಕಿನ ಬೀಳ್ಕೊಡುಗೆಗಳಲ್ಲಿ, ರಾಮಾಂಜನೇಯ ಗುಡ್ಡದ ವಾಕಿಂಗ್ ಗೆಳೆಯರ ನಡುವೆ ಸವೆದು ನುಣುಪಾದ ವಾಕ್ಯ. ಅವಳಿಗೂ ಅದನ್ನೇ ಹೇಳಿದೆ. ಅವಳು "ಓ, ಗ್ರೇಟ್" ಎಂದು ಮತ್ತೆ ಚಿತ್ರ ಹಾಕಿದಳು. ಆ ಅಧಿಕಾರಿ ಇನ್ನೂ ಬೀಗದಕೈ ಅಲ್ಲಾಡಿಸುತ್ತಲೇ ಇದ್ದ.

ನನ್ನ ವಾಕ್ಯ ಸುಳ್ಳಲ್ಲ. ಆಗ ಮತದ ವಯಸ್ಸು 21. 1971ರ ಲೋಕಸಭೆ ಚುನಾವಣೆಗೆ ನಾನಿನ್ನೂ ಚಿಕ್ಕವನು, ಹಾಗಾಗಿ 1977ರ ಮಾರ್ಚಿನದೇ ನನ್ನ ಮೊದಲ ಲೋಕಸಭೆ ಮತ. ಹನುಮಂತನಗರ ಬೆಂಗಳೂರು ದಕ್ಷಿಣ ಕ್ಷೇತ್ರಕ್ಕೆ ಸೇರಿದ್ದು. ಜನತಾ ಅಭ್ಯರ್ಥಿ ಕೆ.ಎಸ್. ಹೆಗ್ಡೆ. ಸುಪ್ರೀಂ ಕೋರ್ಟಿನ ನ್ಯಾಯಮೂರ್ತಿಯಾಗಿದ್ದವರು. 1973ರ ಏಪ್ರಿಲಿನಲ್ಲಿ ಇವರನ್ನೂ ಶೆಲಟ್, ಗ್ರೋವರ್ ಅವರನ್ನೂ ಹಿಂದಿಕ್ಕಿ ಎ.ಎನ್. ರೇ ಅವರನ್ನು ಮುಖ್ಯ ನ್ಯಾಯಮೂರ್ತಿ ಮಾಡಿದಾಗ ರಾಜೀನಾಮೆ ಕೊಟ್ಟು ಹೊರಬಂದವರು. ಗೆದ್ದರು, ಅದೇ ವರ್ಷ ಲೋಕಸಭೆಯ ಸ್ಪೀಕರ್ ಆದರು. ಉತ್ತರ ಭಾರತದಲ್ಲಿ ಕಾಂಗ್ರೆಸ್ ಕೊಚ್ಚಿಹೋದ ಆ ಚುನಾವಣೆಯಲ್ಲಿ ಕರ್ನಾಟಕದ 28 ಸ್ಥಾನಗಳಲ್ಲಿ 26 ಕಾಂಗ್ರೆಸ್ಸಿಗೇ ಬಂದವು. ಜನತಾ ಗೆದ್ದದ್ದು ಎರಡು ಕಡೆ: ಹಾಸನದಲ್ಲಿ, ನಮ್ಮಲ್ಲಿ. ಬಸವನಗುಡಿ, ಹನುಮಂತನಗರದ ನಾವು ಇದನ್ನು ಪದಕದಂತೆ ಎದೆಗೆ ಚುಚ್ಚಿಕೊಂಡು ತಿರುಗಿದೆವು. ಇಡೀ ರಾಜ್ಯ ನಿದ್ದೆ ಹೋಗಿದ್ದಾಗ ಎಚ್ಚರವಾಗಿದ್ದವರು ನಾವು ಎಂಬ ಜಂಬ.

ಅದಕ್ಕೆ ಮುಂಚಿನ 21 ತಿಂಗಳು ನಾವು ಎಷ್ಟು ಎಚ್ಚರವಾಗಿದ್ದೆವು?

ನಾನು ಬ್ಯಾಂಕಿನಲ್ಲಿ ಗುಮಾಸ್ತ. 1975ರ ಜೂನ್ 26ರಂದು ವಾಜಪೇಯಿ, ಅಡ್ವಾಣಿ, ಮಧು ದಂಡವತೆ ಬಂಧನವಾದದ್ದು ಇದೇ ಬೆಂಗಳೂರಿನಲ್ಲಿ. ಸಂಸದೀಯ ಸಮಿತಿಯ ಸಭೆಗೆಂದು ಬಂದು ಶಾಸಕರ ಭವನದಲ್ಲಿ ಉಳಿದುಕೊಂಡಿದ್ದರು. ಅವರನ್ನು ಇಟ್ಟಿದ್ದ ಸೆಂಟ್ರಲ್ ಜೈಲು, ಅಂದರೆ ಈಗಿನ ಫ್ರೀಡಂ ಪಾರ್ಕ್, ನಮ್ಮ ಮನೆಯಿಂದ ಒಂದು ಬಿಟಿಎಸ್ ಬಸ್ಸಿನ ದೂರ. ಆ ಬಸ್ಸು ಈಗ ಹೊತ್ತಿಗೆ ಸರಿಯಾಗಿ ಬರುತ್ತಿದೆ ಎಂದು ನಾವು ಕಚೇರಿಯಲ್ಲಿ ಸಂತೋಷಪಡುತ್ತಿದ್ದೆವು. ಹತ್ತು ಗಂಟೆಗೆ ಎಲ್ಲರೂ ಸೀಟಿನಲ್ಲಿ. ಗೋಡೆಯ ಮೇಲೆ ಇಪ್ಪತ್ತಂಶದ ಕಾರ್ಯಕ್ರಮದ ಪೋಸ್ಟರು, ಕಡಿಮೆ ಮಾತಾಡಿ ಹೆಚ್ಚು ದುಡಿಯಿರಿ ಎಂಬ ಬೋರ್ಡು. ಒಂದು ಬೆಳಿಗ್ಗೆ ಬಾಗಿಲ ಸಂದಿಯಲ್ಲಿ ಯಾರೋ ಸೈಕ್ಲೋಸ್ಟೈಲ್ ಕರಪತ್ರ ತಳ್ಳಿ ಹೋಗಿದ್ದರು. ಒದ್ದೆ ನೀಲಿ ಅಕ್ಷರ, ಅರ್ಧ ಓದಲಿಕ್ಕೇ ಆಗದು. ಅಮ್ಮ "ಏನೋ ಅದು?" ಎಂದಳು. "ಏನಿಲ್ಲ" ಎಂದು ಬಚ್ಚಲ ಒಲೆಗೆ ಹಾಕಿದೆ. ಹಂಡೆ ನೀರು ಕಾಯುತ್ತಿತ್ತು. ಇದರಲ್ಲಿ ನಾಟಕೀಯವಾದದ್ದು ಏನೂ ಇಲ್ಲ. ಭಯವಾಯಿತು ಎಂದೂ ಹೇಳಲಾರೆ. ಸ್ನಾನ ಮಾಡಿ ಬ್ಯಾಂಕಿಗೆ ಹೋದೆ, ಅಷ್ಟೇ. ಇವತ್ತು ಅಂಥದೇ ಕಾಗದ ಬಂದರೂ ಅದನ್ನೇ ಮಾಡುತ್ತೇನೇನೋ. ಈಗ ಬಚ್ಚಲಲ್ಲಿ ಒಲೆಯಿಲ್ಲ, ಡಿಲೀಟ್ ಬಟನ್ ಇದೆ.

ಝೆಕ್ ನಾಟಕಕಾರ ವಾಟ್ಸ್ಲಾವ್ ಹಾವೆಲ್ 1978ರಲ್ಲಿ ಬರೆದ ಪ್ರಬಂಧವೊಂದರಲ್ಲಿ ಒಬ್ಬ ತರಕಾರಿ ಅಂಗಡಿಯವನು ಬರುತ್ತಾನೆ. ಈರುಳ್ಳಿ, ಕ್ಯಾರೆಟ್ಟುಗಳ ನಡುವೆ ಜಗತ್ತಿನ ಕಾರ್ಮಿಕರೇ ಒಂದಾಗಿ ಎಂಬ ಬೋರ್ಡು ಇಟ್ಟಿರುತ್ತಾನೆ. ಅವನಿಗೆ ಆ ಕಾರ್ಮಿಕರೂ ಬೇಡ, ಅವರು ಒಂದಾಗುವುದೂ ಬೇಡ. ನನ್ನನ್ನು ನನ್ನ ಪಾಡಿಗೆ ಬಿಡಿ ಎಂದು ಹೇಳುವುದಷ್ಟೇ ಅವನ ಉದ್ದೇಶ. ಲೌಕಾನೂ ಯಾರೋ ಹೇಳಿದರೆಂದು ಕಿಟಕಿಗೆ ಬಾವುಟ ಸಿಕ್ಕಿಸುವವನೇ. ಹಾವೆಲ್ ಆ ಅಂಗಡಿಯವನನ್ನು ಬೈಯುವುದಿಲ್ಲ, ಆದರೆ ಬಿಡುವುದೂ ಇಲ್ಲ. ಸ್ವೆರಾಕ್ ಲೌಕಾನನ್ನು ಬಿಟ್ಟುಬಿಡುತ್ತಾರೆ. ನನಗೆ ಮೊದಲ ನೋಟದಲ್ಲೇ ಚಿತ್ರ ಅಷ್ಟು ಹಿಡಿಸಿದ್ದಕ್ಕೆ ಕಾರಣ ಇದೇ ಇರಬೇಕು. ಯಾವ ಪಕ್ಷಕ್ಕೂ ಸೇರದೆ, ಯಾವ ನಿಲುವನ್ನೂ ತಾಳದೆ, ಬಂದದ್ದನ್ನು ಬಂದ ಹಾಗೆ ನಡೆಸಿಕೊಂಡು ಹೋದವನೂ ಒಳ್ಳೆಯವನಾಗಬಹುದು, ಕೊನೆಗೆ ವಾದ್ಯವೃಂದದಲ್ಲಿ ತನ್ನ ಕುರ್ಚಿಯನ್ನೂ ಪಡೆಯಬಹುದು ಎಂದು ಅದು ನನಗೆ ಭರವಸೆ ಕೊಟ್ಟಿತು.

ಆದರೆ ಲೌಕಾನ ಬಾಗಿಲಿಗೆ ಬಂದದ್ದು ಒಂದು ಮಗು. ಅದನ್ನು ಒಲೆಗೆ ಹಾಕಲು ಬರುವುದಿಲ್ಲ.

1977ರ ಜನವರಿ ಎರಡೂ ಊರುಗಳಲ್ಲಿ ದೊಡ್ಡ ತಿಂಗಳು. ಪ್ರಾಗ್‌ನಲ್ಲಿ 'ಚಾರ್ಟರ್ 77' ಎಂಬ ಮಾನವ ಹಕ್ಕುಗಳ ಮನವಿ ಹೊರಬಂತು. ಅದರ ವಕ್ತಾರರಲ್ಲೊಬ್ಬರಾದ ದಾರ್ಶನಿಕ ಯಾನ್ ಪಟೊಚ್ಕಾ ಪೊಲೀಸ್ ವಿಚಾರಣೆಗಳಿಂದ ಜರ್ಜರಿತರಾಗಿ ಮಾರ್ಚ್ 13ರಂದು ತೀರಿಕೊಂಡರು. ಬೆಂಗಳೂರಿನಲ್ಲಿ ಸ್ನೇಹಲತಾ ರೆಡ್ಡಿ ತೀರಿಕೊಂಡದ್ದು ಜನವರಿ 20ರಂದು. 'ಸಂಸ್ಕಾರ' ಚಿತ್ರದ ಚಂದ್ರಿ. 1976ರ ಮೇನಲ್ಲಿ ಹಿಡಿದು ಸೆಂಟ್ರಲ್ ಜೈಲಿಗೆ ಹಾಕಿದ್ದರು. ಉಬ್ಬಸದ ರೋಗಿ. ಉಳಿಯುವುದು ಕಷ್ಟ ಎನ್ನುವಂತಾದ ಮೇಲೆ ಜನವರಿ 15ರಂದು ಪೆರೋಲಿನ ಮೇಲೆ ಬಿಟ್ಟರು. ಐದೇ ದಿನ. 'ಸಂಸ್ಕಾರ'ಕ್ಕೆ ಸ್ವರ್ಣಕಮಲ ಬಂದಾಗ ನಮ್ಮ ಬೀದಿಗಳಲ್ಲಿ ಅದರ ಪರವಾಗಿ, ವಿರುದ್ಧವಾಗಿ ಎಷ್ಟು ಜಗಳ ನಡೆದಿತ್ತು! ಚಂದ್ರಿ ಜೈಲಿನಲ್ಲಿದ್ದ ತಿಂಗಳುಗಳಲ್ಲಿ ಯಾರೂ ಜಗಳವಾಡಿದ್ದು ನನಗೆ ನೆನಪಿಲ್ಲ. ಪತಿ ಪಟ್ಟಾಭಿರಾಮ ರೆಡ್ಡಿಯವರು ಲಂಕೇಶರ 'ಕ್ರಾಂತಿ ಬಂತು ಕ್ರಾಂತಿ' ನಾಟಕವನ್ನು ಆಧರಿಸಿ 'ಚಂಡಮಾರುತ' ಮಾಡಿದರು. ಅದು ಬಿರುಸಿನ ಚಿತ್ರ. ಬಸ್ಸು ಹೊತ್ತಿಗೆ ಸರಿಯಾಗಿ ಬಂತೆಂದು ಖುಷಿಪಟ್ಟ ಗುಮಾಸ್ತನ ಕಥೆಯನ್ನು, ನಗಿಸುತ್ತಲೇ ಚುಚ್ಚುವ 'ಕೊಲ್ಯಾ'ದಂಥ ಚಿತ್ರವನ್ನು ಕನ್ನಡದಲ್ಲಿ ನಾನು ನೋಡಿಲ್ಲ. ಹಾಗೆ ಮಾಡಿದ್ದರೆ ನಾವೇ ಅದನ್ನು ಓಡಿಸುತ್ತಿರಲಿಲ್ಲವೇನೋ.

ಇನ್ನು ಗದ್ದೆಯ ಮಾತಿಗೆ ಬರುತ್ತೇನೆ.

ತಾತನ ಕಾಲದಿಂದ ನಮಗೆ ಹೊಳೆನರಸೀಪುರದ ಕಡೆ ನಾಲೆ ನೀರಿನ ಗದ್ದೆಯಿತ್ತು. ಅಪ್ಪ ಅದರ ಕೆಸರಿಗೆ ಕಾಲಿಟ್ಟವರಲ್ಲ. ಸಂಕ್ರಾಂತಿ ಕಳೆದ ಮೇಲೆ ಗೇಣಿದಾರ ಲಾರಿಯಲ್ಲಿ ಅಕ್ಕಿ ಮೂಟೆ ಹಾಕಿಕೊಂಡು ಬರುತ್ತಿದ್ದ. ನಡುಮನೆಯ ಗೋಡೆಗೆ ಒತ್ತಾಗಿ ಮೂಟೆಗಳ ಸಾಲು. ಗೋಣಿಚೀಲದ ವಾಸನೆ, ತೌಡಿನ ಧೂಳಿಗೆ ಮನೆಮಂದಿಗೆಲ್ಲ ಸೀನು. ಅವನು ಜಗಲಿಯಲ್ಲೇ ಕೂರುವನು. ಅವನಿಗೆಂದೇ ತೂಬಿನ ಪಕ್ಕ ಬೋರಲು ಹಾಕಿದ್ದ ಒಂದು ಲೋಟವಿತ್ತು, ಅದರಲ್ಲಿ ಕಾಫಿ. ಅಪ್ಪನಿಗಿಂತ ಹತ್ತು ವರ್ಷವಾದರೂ ದೊಡ್ಡವನು. ಅಪ್ಪ ಅವನನ್ನು "ಏನಯ್ಯಾ" ಎನ್ನುವರು, ಅವನು ಅಪ್ಪನನ್ನು "ಸ್ವಾಮೇರಾ" ಎನ್ನುವನು. ನನ್ನನ್ನೂ "ಚಿಕ್ಕ ಸ್ವಾಮೇರು" ಎನ್ನುತ್ತಿದ್ದ. ಆಗ ನಾನು ಚಡ್ಡಿ ಹುಡುಗ.

ದೇವರಾಜ ಅರಸರ ಸರ್ಕಾರದ ಭೂಸುಧಾರಣೆ ತಿದ್ದುಪಡಿ 1974ರ ಮಾರ್ಚ್ 1ರಿಂದ ಜಾರಿಗೆ ಬಂತು. ಗೇಣಿಗೆ ಕೊಟ್ಟ ಜಮೀನೆಲ್ಲ ಸರ್ಕಾರದ ವಶ. ಉಳುವವನು ನಮೂನೆ 7ರಲ್ಲಿ ಅರ್ಜಿ ಹಾಕಿದರೆ ಭೂನ್ಯಾಯಮಂಡಳಿ ವಿಚಾರಣೆ ನಡೆಸಿ ಅವನ ಹೆಸರಿಗೆ ಮಾಡಿಕೊಡುತ್ತದೆ. ಮಂಡಳಿಯ ಮುಂದೆ ವಕೀಲರು ಬರುವಂತಿಲ್ಲ. ಅಪ್ಪನಿಗೆ ಎಲ್ಲಕ್ಕಿಂತ ಕೆಟ್ಟದಾಗಿ ಕಂಡದ್ದು ಇದೇ. ಬೆಂಗಳೂರಿನಿಂದ ವಕೀಲರನ್ನು ಕರೆದೊಯ್ಯುವವರು ಯಾರು, ತನ್ನ ಬಾಯಲ್ಲಿ ತಾನೇ ಹೇಳಿಕೊಳ್ಳಬೇಕಾದವರು ಯಾರು ಎಂಬುದು ಗೊತ್ತಿದ್ದೇ ಆ ನಿಯಮ ಮಾಡಿದ್ದರು. ಅರ್ಜಿ ಬಿತ್ತು. ತುರ್ತುಪರಿಸ್ಥಿತಿಯ ನಡುವೆಯೇ ತೀರ್ಪೂ ಆಯಿತು. ಗದ್ದೆ ಹೋಯಿತು.

ಆಮೇಲೆ ಗೇಣಿದಾರ ಒಮ್ಮೆ ಬಂದ. ಮೂಟೆಯಿಲ್ಲ, ಕೈಚೀಲದಲ್ಲಿ ನಾಲ್ಕು ತೆಂಗಿನಕಾಯಿ, ಮಗಳ ಮದುವೆಯ ಕರೆಯೋಲೆ. ಅಪ್ಪ ಕೋಣೆಯಿಂದ ಈಚೆಗೆ ಬರಲಿಲ್ಲ. ಅಮ್ಮ ಕಾಫಿ ಕೊಟ್ಟಳು, ಅದೇ ಲೋಟದಲ್ಲಿ. ಅವನು ನನ್ನನ್ನು "ಚೆನ್ನಾಗಿದೀರಾ ಬುದ್ಧಿ" ಎಂದು ಕೇಳಿದ. ನಾನು ಪೇಪರಿನಿಂದ ತಲೆಯೆತ್ತಿ "ಹ್ಞೂಂ" ಎಂದೆ.

1977ರ ಮಾರ್ಚಿನಲ್ಲಿ ಮತಪೆಟ್ಟಿಗೆಯ ಮುಂದೆ ನಿಂತಾಗ ನನ್ನ ತಲೆಯಲ್ಲಿ ಸ್ನೇಹಲತಾ ರೆಡ್ಡಿ ಇರಲಿಲ್ಲ. ಪತ್ರಿಕಾ ಸ್ವಾತಂತ್ರ್ಯ ಇರಲಿಲ್ಲ. ಇದ್ದದ್ದು ನಡುಮನೆಯಲ್ಲಿ ಖಾಲಿಯಾದ ಆ ಗೋಡೆ, ಕೋಣೆಯಿಂದ ಈಚೆ ಬಾರದ ಅಪ್ಪ, ಅಂಗಡಿಯಲ್ಲಿ ಸೇರಿನ ಲೆಕ್ಕದಲ್ಲಿ ಅಕ್ಕಿ ತರುವ ಅಮ್ಮ. ಅರಸರ ಮೇಲಿನ ಸಿಟ್ಟು ಇಂದಿರಾ ಮೇಲೆ ತೀರಿತು. ಜನತಾ ಪಕ್ಷ ಆಗ ಭಾರತೀಯ ಲೋಕದಳದ ಗುರುತಿನ ಮೇಲೆ ನಿಂತಿತ್ತು, ಚಕ್ರದೊಳಗೆ ನೇಗಿಲು ಹೊತ್ತ ರೈತ. ಉಳುವವನಿಗೆ ಗದ್ದೆ ಹೋಯಿತೆಂಬ ಹೊಟ್ಟೆಯುರಿಗೆ ನಾನು ಮುದ್ರೆ ಒತ್ತಿದ್ದು ನೇಗಿಲ ಯೋಗಿಯ ಮೇಲೆ!

ನಮ್ಮ ಬೀದಿಯಲ್ಲಿ ಇದು ನನ್ನೊಬ್ಬನ ಕಥೆಯಲ್ಲ ಎಂದು ನನಗೆ ಖಾತ್ರಿಯಿದೆ. ಬೆಂಗಳೂರು ದಕ್ಷಿಣದ ಮತವೆಲ್ಲ ಹೀಗೇ ಬಂತು ಎಂದು ಹೇಳುತ್ತಿಲ್ಲ. ನಿಜವಾಗಿ ಜೈಲಿಗೆ ಹೋದ ಹುಡುಗರು ಈ ಬಡಾವಣೆಗಳಲ್ಲಿ ಇದ್ದರು, ಅವರ ಮನೆಯವರ ಮತ ಬೇರೆ. ಆದರೆ ಗೇಣಿ ಅಕ್ಕಿ ನಿಂತ ಮನೆಗಳೂ ಇಲ್ಲಿ ಧಾರಾಳವಾಗಿದ್ದವು. ಆ 26 ಕ್ಷೇತ್ರಗಳ ಜನ ನಿದ್ದೆ ಹೋಗಿದ್ದರು ಎಂಬ ನಮ್ಮ ಜಂಬವನ್ನೂ ಈಗ ಒಪ್ಪಲಾರೆ. ನಮೂನೆ 7 ತುಂಬಿ ಹಕ್ಕುಪತ್ರ ಪಡೆದವನಿಗೆ, 1975ರ ನವೆಂಬರಿನಲ್ಲಿ ಬಂದ ಹಾವನೂರು ವರದಿಯಲ್ಲಿ ತನ್ನ ಜಾತಿಯ ಹೆಸರು ಮೊದಲ ಬಾರಿಗೆ ಕಂಡವನಿಗೆ ಆ ಕಾಲದ ಲೆಕ್ಕ ಬೇರೆಯೇ ಇತ್ತು. ಅವನು ಯಾಕೆ ನನ್ನ ಸ್ವಾತಂತ್ರ್ಯಕ್ಕೆ ಮತ ಹಾಕಬೇಕಿತ್ತು? ನಾನೇ ಅದಕ್ಕೆ ಹಾಕಿರಲಿಲ್ಲ.

ಇದರಲ್ಲಿ ಇನ್ನೊಂದು ವಿಚಿತ್ರವಿದೆ. ಸಂವಿಧಾನದ ಮೂಲ ರಚನೆಯನ್ನು ಸಂಸತ್ತು ಮುಟ್ಟುವಂತಿಲ್ಲ ಎಂಬ ತೀರ್ಪು, ತುರ್ತುಪರಿಸ್ಥಿತಿಯ ನಂತರ ನಮ್ಮನ್ನು ಕಾಯ್ದದ್ದು, ಬಂದದ್ದು ಕೇಶವಾನಂದ ಭಾರತಿ ಪ್ರಕರಣದಲ್ಲಿ. ಕಾಸರಗೋಡಿನ ಎಡನೀರು ಮಠದ ಸ್ವಾಮಿಗಳು ಕೋರ್ಟಿಗೆ ಹೋದದ್ದು ಕೇರಳದ ಭೂಸುಧಾರಣೆಯಿಂದ ಮಠದ ಜಮೀನು ಹೋಗುತ್ತದೆಂದು. 13 ನ್ಯಾಯಮೂರ್ತಿಗಳ ಪೀಠ, 7ಕ್ಕೆ 6ರ ಬಹುಮತ, 1973ರ ಏಪ್ರಿಲ್ 24. ಬಹುಮತದ ಕಡೆಯಿದ್ದವರಲ್ಲಿ ನಾನು ಮತ ಹಾಕಿದ ಹೆಗ್ಡೆಯವರೂ ಒಬ್ಬರು. ಜಮೀನಿನ ತಗಾದೆಯಿಂದ ದೇಶಕ್ಕೆ ಒಳ್ಳೆಯದೂ ಆಗಬಹುದು ಎಂದು ಇದನ್ನು ಹಿಡಿದು ಸಮಾಧಾನ ಮಾಡಿಕೊಳ್ಳಬಹುದಿತ್ತು. ಪ್ರಯತ್ನಿಸಿದೆ, ಆಗಲಿಲ್ಲ. ತೀರ್ಪು ಬರೆದವರಿಗೆ ತಾವೇನು ಬರೆಯುತ್ತಿದ್ದೇವೆ ಎಂಬುದು ಗೊತ್ತಿತ್ತು. ನಾನು ನನ್ನ ಕಾರಣವನ್ನು ಮುಚ್ಚಿಟ್ಟು ಅವರ ಕಾರಣವನ್ನು ಬಾಯಿಪಾಠ ಮಾಡಿಕೊಂಡೆ.

ಚಿತ್ರದ ಆ ಅಧಿಕಾರಿಯ ಮೇಲೆ ಈಗ ನನಗೆ ಸಿಟ್ಟಿಲ್ಲ. ಅವನಿಗೂ ತನ್ನದೇ ಒಂದು ಗದ್ದೆ ಇದ್ದಿರಬೇಕು: ಬಡ್ತಿ ಸಿಗದ ನೋವೋ, ಮೇಲಧಿಕಾರಿಯ ಮೇಲಿನ ಹಗೆಯೋ. ಎಲ್ಲರ ಬೀಗದಕೈಗಳೂ ಒಂದೇ ಥರ ಸದ್ದು ಮಾಡುತ್ತವೆ. ಸ್ವೆರಾಕ್ ಅವನನ್ನು ಒಂದೇ ಕ್ಷಣ ತೋರಿಸಿ ಕ್ಯಾಮೆರಾ ತಿರುಗಿಸಿಬಿಟ್ಟರು. ಆ ಮನುಷ್ಯ ಅಂದು ರಾತ್ರಿ ಮನೆಗೆ ಹೋಗಿ ಹೆಂಡತಿಗೆ ಏನು ಹೇಳಿದ, ಹತ್ತು ವರ್ಷದ ನಂತರ ಮಗನಿಗೆ ಏನು ಹೇಳಿದ ಎಂಬುದು ನನಗೆ ಲೌಕಾನ ಕಥೆಗಿಂತ ದೊಡ್ಡ ಕಥೆಯಾಗಿ ಕಾಣುತ್ತಿದೆ. 1948ರಲ್ಲಿ ದೇಶ ಬಿಟ್ಟಿದ್ದ ರಾಫಾಯೆಲ್ ಕುಬೆಲಿಕ್ 42 ವರ್ಷದ ಮೇಲೆ ಮರಳಿ ಬಂದು ವಾದ್ಯವೃಂದ ನಡೆಸಿದಾಗ ಲೌಕಾ ತನ್ನ ಜಾಗದಲ್ಲಿ ಕೂತು ನುಡಿಸುತ್ತಾನೆ, ಕೊಲ್ಯಾ ತಾಯಿಯ ಜೊತೆ ವಿಮಾನ ಹತ್ತುತ್ತಾನೆ. ಎಲ್ಲ ಸುಖಾಂತ. ಚಿತ್ರದ ದೌರ್ಬಲ್ಯ ಅದೇ ಎಂದು ಈಗ ಅನಿಸುತ್ತದೆ. ಇಷ್ಟಾಗಿಯೂ ಷವರಿನ ಹಿಡಿ ಹಿಡಿದ ಆ ಹುಡುಗನಿಗಾಗಿ ಇನ್ನೊಂದು ಸಲ ನೋಡುತ್ತೇನೆ.

ಮೊಮ್ಮಗಳಿಗೆ ಇದನ್ನೆಲ್ಲ ಹೇಳಿದೆ. ಪೂರ್ತಿ ಕೇಳಿ, "ಆ ಗೇಣಿದಾರರ ಮಗಳ ಮದುವೆಗೆ ಹೋಗಿದ್ರಾ?" ಎಂದಳು. ಹೋಗಿರಲಿಲ್ಲ.

ಬಸವನಗುಡಿ, ಚಾಮರಾಜಪೇಟೆ, ಹನುಮಂತನಗರದ ಮನೆಗಳಲ್ಲಿ ನನ್ನ ವಯಸ್ಸಿನವರು ಇನ್ನೂ ಇದ್ದೇವೆ. ತುರ್ತುಪರಿಸ್ಥಿತಿಯ ವಿರುದ್ಧ ಇದ್ದೆವು ಎಂದು ನಾವು ಹೇಳಿದರೆ ದಯವಿಟ್ಟು ಅಲ್ಲಿಗೇ ಬಿಡಬೇಡಿ. ಯಾಕೆ ಎಂದು ಕೇಳಿ, ಊರಲ್ಲಿ ಜಮೀನು ಎಷ್ಟಿತ್ತು ಎಂದೂ ಕೇಳಿ.